ಸಮುರಾಯ್ ಕತ್ತಿ ಮತ್ತು ಜಪಾನಿನ ಬದುಕು: ಪದೇ ಪದೇ ಕೇಳುವ ಪ್ರಶ್ನೆಗಳು

ಸಿನಿಮಾ, ಕಾರ್ಟೂನು ಮತ್ತು ವಿಡಿಯೋ ಆಟಗಳ ಮೂಲಕ ಜಪಾನಿನ ಕತ್ತಿಯನ್ನು ಮೊದಲು ಕಂಡವರು ಆಮೇಲೆ ಕುತೂಹಲದಿಂದ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಗಳಿವೆ. ಈ ಕತ್ತಿಯ ಚರಿತ್ರೆಯನ್ನು ಓದುತ್ತಾ ಹೋದ ಹಾಗೆ ಒಂದು ವಿಷಯ ನನ್ನನ್ನು ಹಿಡಿದು ನಿಲ್ಲಿಸಿತು: ರಣರಂಗದಲ್ಲಿ ಅದರ ಕೆಲಸ ಕಡಿಮೆಯಾದಷ್ಟೂ ಸಮಾಜದಲ್ಲಿ ಅದರ ಮಾನ ಹೆಚ್ಚುತ್ತಾ ಹೋಯಿತು. ಕೆಳಗಿನ ಉತ್ತರಗಳಲ್ಲಿ ಹೆಚ್ಚಿನವು ಈ ಒಂದು ಸಂಗತಿಯ ಸುತ್ತಲೇ ತಿರುಗುತ್ತವೆ.

ಸಮುರಾಯ್ ಕತ್ತಿ ಎಂದರೆ ಯಾವುದು? ಕತಾನಾ ಒಂದೇ ಏನು?

ಅಲ್ಲ. ಜಪಾನೀಯರು ತಮ್ಮ ಸಾಂಪ್ರದಾಯಿಕ ಕತ್ತಿಗಳನ್ನೆಲ್ಲ ಒಟ್ಟಾಗಿ ‘ನಿಹೊಂತೋ’ ಎನ್ನುತ್ತಾರೆ. ಕತಾನಾ ಅದರಲ್ಲಿ ಒಂದು ಬಗೆ. ಎಂಟನೆಯ ಶತಮಾನದ ಸುಮಾರಿಗೆ ಅಲ್ಲಿ ಬಳಕೆಯಲ್ಲಿದ್ದುದು ಚೀನಾ ಮತ್ತು ಕೊರಿಯಾದ ಮಾದರಿಯ ನೆಟ್ಟಗಿನ ಅಲಗು. ಹತ್ತನೆಯ ಶತಮಾನದ ಹೊತ್ತಿಗೆ, ಕುದುರೆಯ ಮೇಲಿಂದ ಬೀಸುವುದಕ್ಕೆ ಅನುಕೂಲವಾದ, ಬಾಗಿದ ಅಲಗಿನ ‘ತಾಚಿ’ ರೂಪುಗೊಂಡಿತು. ಅದನ್ನು ಅಲಗಿನ ಬಾಯಿ, ಅಂದರೆ ಹರಿತವಾದ ಅಂಚು, ಕೆಳಮುಖವಾಗಿರುವಂತೆ ಸೊಂಟದಿಂದ ತೂಗುಬಿಡುತ್ತಿದ್ದರು. ಮುಂದೆ ಕಾಲಾಳುಗಳ ಕಾಳಗ ಹೆಚ್ಚಿದಾಗ, ಬಾಯಿ ಮೇಲ್ಮುಖವಾಗಿರುವಂತೆ ನಡುಕಟ್ಟಿಗೆ ಸಿಕ್ಕಿಸಿಕೊಳ್ಳುವ, ಒರೆಯಿಂದ ಹಿರಿಯುವುದೂ ಹೊಡೆಯುವುದೂ ಒಂದೇ ಓಟದಲ್ಲಿ ಆಗುವಂಥ ಕತಾನಾ ಮುಂದೆ ಬಂತು. ಇಂದಿಗೂ ಜಪಾನಿನ ವಸ್ತುಸಂಗ್ರಹಾಲಯಗಳಲ್ಲಿ ತಾಚಿಯನ್ನು ಬಾಯಿ ಕೆಳಗೆ ಮಾಡಿಯೂ ಕತಾನಾವನ್ನು ಬಾಯಿ ಮೇಲೆ ಮಾಡಿಯೂ ಇಡುತ್ತಾರೆ; ಅಷ್ಟನ್ನು ಗಮನಿಸಿದರೆ ಸಾಕು, ಫಲಕ ಓದದೆಯೇ ಯಾವುದು ಯಾವುದೆಂದು ಹೇಳಬಹುದು. ಅಲಗಿನ ಉದ್ದ ಸುಮಾರು 60 ಸೆಂ.ಮೀ. ಮೀರಿದರೆ ಅದು ಕತಾನಾ, 30ರಿಂದ 60 ಸೆಂ.ಮೀ. ಒಳಗಿನದು ವಾಕಿಜಾಶಿ, ಅದಕ್ಕೂ ಚಿಕ್ಕದು ತಾಂತೋ ಎಂಬ ಬಾಕು.

‘ಕತಾನಾ’ ಎಂಬ ಮಾತಿಗೂ ನಮ್ಮ ‘ಕತ್ತಿ’ಗೂ ನಂಟಿದೆಯೆ?

ಕನ್ನಡಿಗರಿಗೆ ಸಹಜವಾಗಿ ಬರುವ ಪ್ರಶ್ನೆ ಇದು. ಕಿವಿಗೆ ಎರಡೂ ಹತ್ತಿರ ಕೇಳಿಸುತ್ತವೆ, ಅರ್ಥವೂ ಒಂದೇ. ಆದರೆ ‘ಕತಾ’ ಎಂದರೆ ಒಂದು ಪಕ್ಕ, ‘ನಾ’ ಎಂದರೆ ಅಲಗು ಎಂಬ ಹಳೆಯ ಮಾತು, ಒಂದೇ ಕಡೆ ಹರಿತವಿರುವ ಅಲಗು ಕತಾನಾ ಎಂದೇ ಜಪಾನೀ ಭಾಷೆಯಲ್ಲಿ ಸಾಮಾನ್ಯವಾಗಿ ವಿವರಿಸುತ್ತಾರೆ. ನಮ್ಮ ಕತ್ತಿ ದ್ರಾವಿಡ ಮೂಲದ್ದು. ತಮಿಳು, ತೆಲುಗು, ಮಲಯಾಳಗಳಲ್ಲೂ ಅದರ ಬಂಧುಗಳಿವೆ. ಎರಡು ಭಾಷೆಗಳಲ್ಲಿ ಆಕಸ್ಮಿಕವಾಗಿ ಹೋಲುವ ಪದಗಳು ಎಷ್ಟೋ ಇರುತ್ತವೆ. ಇದೂ ಅಂಥದ್ದೇ ಎಂದು ತಿಳಿಯುವುದು ಸರಿ.

ಕತ್ತಿಗೆ ದೈವಿಕ ಸ್ಥಾನ ಸಿಕ್ಕಿದ್ದು ಹೇಗೆ?

ಸಮುರಾಯ್ ಎಂಬ ಯೋಧರ ವರ್ಗ ಹುಟ್ಟುವುದಕ್ಕೂ ಬಹಳ ಮೊದಲೇ ಕತ್ತಿ ಅಲ್ಲಿ ಪೂಜೆಗೆ ಸಂದಿತ್ತು. ಜಪಾನಿನ ಚಕ್ರವರ್ತಿಯ ಅಧಿಕಾರಕ್ಕೆ ಗುರುತಾಗಿರುವ ಮೂರು ಪವಿತ್ರ ವಸ್ತುಗಳೆಂದರೆ ಕನ್ನಡಿ, ಮಣಿ ಮತ್ತು ಕತ್ತಿ. ಕ್ರಿ.ಶ. 712ರಲ್ಲಿ ಸಂಕಲಿತವಾದ ‘ಕೊಜಿಕಿ’ಯ ಪ್ರಕಾರ, ಬಿರುಗಾಳಿಯ ದೇವತೆ ಸುಸಾನೊಓ ಎಂಟು ತಲೆಯ ಸರ್ಪವನ್ನು ಕಡಿದಾಗ ಅದರ ಬಾಲದೊಳಗೆ ಒಂದು ಕತ್ತಿ ಸಿಕ್ಕಿತು, ಅದನ್ನು ಅವನು ತನ್ನ ಅಕ್ಕ, ಸೂರ್ಯದೇವತೆ ಅಮತೆರಾಸುವಿಗೆ ಒಪ್ಪಿಸಿದನು. ಮುಂದೆ ಯಮಾತೊ ತಾಕೆರು ಎಂಬ ರಾಜಕುಮಾರ, ವೈರಿಗಳು ಹುಲ್ಲುಗಾವಲಿಗೆ ಬೆಂಕಿ ಹಚ್ಚಿದಾಗ ಅದೇ ಕತ್ತಿಯಿಂದ ಸುತ್ತಲಿನ ಹುಲ್ಲನ್ನು ಸವರಿ ಬದುಕಿಕೊಂಡನಂತೆ. ‘ಕುಸಾನಾಗಿ’, ಅಂದರೆ ಹುಲ್ಲು ಸವರುವ ಕತ್ತಿ, ಎಂಬ ಹೆಸರಿಗೆ ಜನ ಹೇಳುವ ಕಥೆ ಇದು. ಆ ಕತ್ತಿ ನಗೋಯಾದ ಅತ್ಸುತಾ ದೇಗುಲದಲ್ಲಿದೆ ಎಂಬ ನಂಬಿಕೆಯಿದೆ. ಅದನ್ನು ಸಾರ್ವಜನಿಕರಿಗೆ ತೋರಿಸುವುದಿಲ್ಲ. ಅರಮನೆಯಲ್ಲಿರುವುದು ಅದರ ಪ್ರತಿರೂಪ. 2019ರ ಮೇ 1ರಂದು ನರುಹಿತೊ ಪಟ್ಟಕ್ಕೆ ಬಂದಾಗ ಅವರ ಮುಂದೆ ತಂದಿಟ್ಟ ಕತ್ತಿ ಮತ್ತು ಮಣಿ ಎರಡೂ ಬಟ್ಟೆಯ ಹೊದಿಕೆಯೊಳಗೇ ಇದ್ದವು. ಕಣ್ಣಿಗೆ ಬೀಳದೆ ಇರುವುದೇ ಅವುಗಳ ಗೌರವ.

ಈ ಕತ್ತಿಯ ಸುತ್ತ ನಿಜವಾದ ಚರಿತ್ರೆಯ ಒಂದು ದಾರುಣ ಪ್ರಸಂಗವೂ ಇದೆ. 1185ರಲ್ಲಿ ದಾನ್‌ನೊಉರಾ ಎಂಬಲ್ಲಿ ನಡೆದ ನೌಕಾಯುದ್ಧದಲ್ಲಿ, ಬಾಲಚಕ್ರವರ್ತಿಯನ್ನೂ ಈ ಮೂರು ವಸ್ತುಗಳನ್ನೂ ಕ್ಯೋಟೋದಿಂದ ತನ್ನೊಡನೆ ಒಯ್ದಿದ್ದ ತಾಯಿರಾ ಎಂಬ ಯೋಧರ ಮನೆತನ ಸೋತಿತು. ಆರು ವರ್ಷದ ಬಾಲಚಕ್ರವರ್ತಿ ಅಂತೊಕುವನ್ನು ಅವನ ಅಜ್ಜಿ ಎತ್ತಿಕೊಂಡು ಸಮುದ್ರಕ್ಕೆ ಹಾರಿದಳು. ಕನ್ನಡಿ ಮತ್ತು ಮಣಿ ಮರಳಿ ಸಿಕ್ಕವು, ಅರಮನೆಯ ಕತ್ತಿ ಸಿಗಲಿಲ್ಲ. ಅಷ್ಟರಲ್ಲೇ, 1183ರಲ್ಲಿ, ಕ್ಯೋಟೋದಲ್ಲಿ ಅವನ ಕಿರಿಯ ಮಲಸಹೋದರ ಗೊತೊಬಾನನ್ನು ಈ ಮೂರು ವಸ್ತುಗಳಿಲ್ಲದೆಯೇ ಪಟ್ಟಕ್ಕೇರಿಸಿ ಆಗಿತ್ತು. ಕತ್ತಿಯಿಲ್ಲದೆ ಚಕ್ರವರ್ತಿಯಾದ ಈ ಗೊತೊಬಾನೇ ಮುಂದೆ ಸಿಂಹಾಸನ ಬಿಟ್ಟ ಬಳಿಕ ನಾಡಿನ ಹೆಸರಾಂತ ಕಮ್ಮಾರರನ್ನು ಸರದಿಯಂತೆ ಕರೆಸಿಕೊಂಡು ಕತ್ತಿ ಮಾಡಿಸಿದನು, ತಾನೂ ಅಲಗುಗಳಿಗೆ ಹದ ಕೊಟ್ಟನು, ಅವುಗಳ ಮೇಲೆ ಸೇವಂತಿಗೆಯ ಗುರುತು ಕೊರೆಯಿಸಿದನು ಎಂಬ ಪರಂಪರೆಯಿದೆ. ಆ ಸೇವಂತಿಗೆಯೇ ಇಂದು ಜಪಾನಿನ ರಾಜಮನೆತನದ ಲಾಂಛನ. ಕಳೆದುಹೋದ ಒಂದು ಕತ್ತಿ ಒಬ್ಬ ದೊರೆಯ ಮನಸ್ಸಿನಲ್ಲಿ ಜೀವಮಾನದುದ್ದಕ್ಕೂ ಉಳಿದಿತ್ತೆಂದು ನನಗೆ ಅನ್ನಿಸುತ್ತದೆ.

ಸಮುರಾಯ್‌ಗಳು ಯುದ್ಧದಲ್ಲಿ ಮುಖ್ಯವಾಗಿ ಕತ್ತಿಯಿಂದಲೇ ಹೋರಾಡುತ್ತಿದ್ದರೆ?

ಇಲ್ಲ. ಮೊದಲ ಶತಮಾನಗಳ ಯೋಧರು ಮುಖ್ಯವಾಗಿ ಕುದುರೆ ಸವಾರಿ ಮಾಡುವ ಬಿಲ್ಲುಗಾರರು. ಯೋಧಧರ್ಮಕ್ಕೆ ಅವರು ಇಟ್ಟುಕೊಂಡಿದ್ದ ಹೆಸರೇ ‘ಬಿಲ್ಲು ಮತ್ತು ಕುದುರೆಯ ದಾರಿ’. ಬಾಣ ಮುಗಿದಾಗ, ಮೈಮೇಲೆ ಬಿದ್ದು ಕಾದಾಡುವಾಗ ಕತ್ತಿ ಹೊರಗೆ ಬರುತ್ತಿತ್ತು. ಆಮೇಲೆ ಸಾಲುಗಟ್ಟಿ ನಿಲ್ಲುವ ಕಾಲಾಳುಗಳ ಈಟಿ ಪ್ರಬಲವಾಯಿತು. 1543ರಲ್ಲಿ ತಾನೆಗಾಶಿಮಾ ದ್ವೀಪಕ್ಕೆ ಪೋರ್ಚುಗೀಸರ ಜತೆ ಬಂದೂಕು ಬಂದಿಳಿಯಿತು. 1575ರ ನಾಗಾಶಿನೊ ಕದನದ ಹೊತ್ತಿಗೆ ಅದು ದೊಡ್ಡ ಪ್ರಮಾಣದಲ್ಲಿ ಬಳಕೆಯಾಗುತ್ತಿತ್ತು. ಕತ್ತಿ ಈ ಎಲ್ಲ ಕಾಲದಲ್ಲೂ ಇದ್ದೇ ಇತ್ತು, ಆದರೆ ಜತೆಗಿರುವ ಆಯುಧವಾಗಿ.

ಹಾಗಾದರೆ ಅದು ‘ಸಮುರಾಯ್‌ನ ಆತ್ಮ’ ಆದದ್ದು ಯಾವಾಗ?

ಶಾಂತಿಯ ಕಾಲದಲ್ಲಿ. ಇದಕ್ಕೆ ದಾರಿ ಮಾಡಿದ್ದು ಆಗ ಜಪಾನನ್ನು ಒಗ್ಗೂಡಿಸುತ್ತಿದ್ದ ದಂಡನಾಯಕ ಟೊಯೊಟೋಮಿ ಹಿಡೆಯೋಶಿ 1588ರಲ್ಲಿ ಹೊರಡಿಸಿದ ‘ಕತ್ತಿ ಬೇಟೆ’ಯ ಆಜ್ಞೆ. ರೈತರು ಕತ್ತಿ, ಬಾಕು, ಬಿಲ್ಲು, ಈಟಿ, ಬಂದೂಕು ಯಾವುದನ್ನೂ ಇಟ್ಟುಕೊಳ್ಳಬಾರದು, ಎಲ್ಲವನ್ನೂ ಒಪ್ಪಿಸಬೇಕು ಎಂದು ಅದು ವಿಧಿಸಿತು. ಹೀಗೆ ಕೂಡಿದ ಲೋಹವನ್ನು ಕ್ಯೋಟೋದಲ್ಲಿ ಕಟ್ಟುತ್ತಿರುವ ಮಹಾಬುದ್ಧನ ದೇಗುಲದ ಮೊಳೆ, ಚಿಲಕಗಳಿಗೆ ಬಳಸಲಾಗುವುದು, ಅದರಿಂದ ರೈತರಿಗೆ ಇಹದಲ್ಲೂ ಪರದಲ್ಲೂ ಒಳ್ಳೆಯದಾಗುವುದು ಎಂಬ ಸಮಾಧಾನವೂ ಆ ಆಜ್ಞೆಯಲ್ಲೇ ಇತ್ತು. ಒಳಗಿನ ಉದ್ದೇಶ ದಂಗೆಗಳನ್ನು ತಡೆಯುವುದಾಗಿತ್ತು. ಗಮನಿಸಬೇಕಾದ ಸಂಗತಿಯೆಂದರೆ, ಸ್ವತಃ ಹಿಡೆಯೋಶಿ ತಳಮಟ್ಟದ ಕುಟುಂಬದಿಂದ ಮೇಲೆ ಬಂದವನು. ತಾನು ಹತ್ತಿ ಬಂದ ಏಣಿಯನ್ನು ಅವನು ಇತರರಿಗೆ ಸಿಗದಂತೆ ಎಳೆದುಕೊಂಡನು. ಅಂದಿನಿಂದ ಉಳುವವನು ಬೇರೆ, ಕತ್ತಿ ಕಟ್ಟಿಕೊಳ್ಳುವವನು ಬೇರೆ ಎಂಬ ಗೆರೆ ಗಟ್ಟಿಯಾಯಿತು.

1603ರಲ್ಲಿ ತೊಕುಗಾವಾ ಮನೆತನದ ಸೇನಾಧಿಪತಿಗಳ ಆಡಳಿತ ಶುರುವಾಗಿ ಎರಡೂವರೆ ಶತಮಾನಕ್ಕೂ ಹೆಚ್ಚು ಕಾಲ ನಡೆಯಿತು. ಮೊದಲ ಕೆಲವು ದಶಕಗಳ ನಂತರ ದೊಡ್ಡ ಯುದ್ಧಗಳೇ ನಡೆಯಲಿಲ್ಲ. ಯೋಧರು ಕಚೇರಿಯ ಗುಮಾಸ್ತರಾದರು, ತೆರಿಗೆಯ ಲೆಕ್ಕ ಬರೆಯುವವರಾದರು, ಭತ್ತದ ಉಗ್ರಾಣ ನೋಡಿಕೊಳ್ಳುವವರಾದರು. ಎಷ್ಟೋ ಮಂದಿ ಜೀವಮಾನದಲ್ಲಿ ಒಮ್ಮೆಯೂ ಶತ್ರುವಿನ ಮೇಲೆ ಕತ್ತಿ ಹಿರಿಯದೆ ಮುದುಕರಾದರು. ಆದರೂ ಮನೆಯಿಂದ ಹೊರಗೆ ಕಾಲಿಡುವಾಗ ಸೊಂಟದಲ್ಲಿ ಉದ್ದದ್ದೊಂದು, ಗಿಡ್ಡದ್ದೊಂದು, ಹೀಗೆ ‘ದಾಯಿಶೊ’ ಎಂಬ ಜೋಡಿ ಕತ್ತಿ ಇರಲೇಬೇಕಿತ್ತು. ವರ್ತಕರು ಮತ್ತು ಊರಿನ ಇತರರು ಗಿಡ್ಡ ಕತ್ತಿಯೊಂದನ್ನು ಕಟ್ಟಿಕೊಳ್ಳಬಹುದಾಗಿತ್ತು, ಜೋಡಿ ಮಾತ್ರ ಸಮುರಾಯ್‌ಗೆ ಮೀಸಲು. ಊರಿಗೆ ಉಪಕಾರ ಮಾಡಿದ ವರ್ತಕನಿಗೋ ಊರ ಗೌಡನಿಗೋ ಸರ್ಕಾರ ಕೊಡುತ್ತಿದ್ದ ದೊಡ್ಡ ಮರ್ಯಾದೆಯೆಂದರೆ ‘ಮನೆತನದ ಹೆಸರು ಮತ್ತು ಕತ್ತಿ’ ಬಳಸುವ ಅನುಮತಿ. ಕುಲನಾಮಕ್ಕೂ ಕತ್ತಿಗೂ ಒಂದೇ ತೂಕವಿತ್ತು ಎಂಬುದನ್ನು ನೋಡಿದರೆ, ಕತ್ತಿ ಎಷ್ಟರ ಮಟ್ಟಿಗೆ ಗುರುತಿನ ಚೀಟಿಯಾಗಿತ್ತು ಎಂಬುದು ತಿಳಿಯುತ್ತದೆ.

ಯುದ್ಧವಿಲ್ಲದ ಯೋಧನಿಗೆ ತಾನು ಯಾರು ಎಂಬ ಪ್ರಶ್ನೆ ಕಾಡದೆ ಇರಲಿಲ್ಲ. ಅದಕ್ಕೆ ಉತ್ತರವಾಗಿ ಬೆಳೆದದ್ದೇ ಕತ್ತಿ ಸಮುರಾಯ್‌ನ ಆತ್ಮ ಎಂಬ ಮಾತು. ಕತ್ತಿಯನ್ನು ತುಕ್ಕು ಹಿಡಿಯಲು ಬಿಟ್ಟವನು ಮನಸ್ಸಿಗೂ ತುಕ್ಕು ಹಿಡಿಸಿಕೊಂಡವನು ಎಂಬಂತೆ ನೋಡಿದರು. ಇನ್ನೊಬ್ಬರ ಮನೆಗೆ ಹೋದಾಗ ಉದ್ದದ ಕತ್ತಿಯನ್ನು ಬಾಗಿಲಲ್ಲೇ ಬಿಚ್ಚಿಡಬೇಕು. ಕುಳಿತಾಗ ಅದನ್ನು ಬಲಗಡೆ ಇಟ್ಟುಕೊಂಡರೆ ಹಿರಿಯುವ ಇರಾದೆ ಇಲ್ಲವೆಂದು ಅರ್ಥ, ಎಡಗಡೆ ಇಟ್ಟುಕೊಂಡರೆ ನಂಬಿಕೆ ಇಲ್ಲವೆಂದು ಅರ್ಥ. ದಾರಿಯಲ್ಲಿ ಒಬ್ಬರ ಒರೆ ಇನ್ನೊಬ್ಬರ ಒರೆಗೆ ತಾಗಿದರೆ ಅದು ಜಗಳಕ್ಕೆ ಕಾರಣ. ಹೀಗೆ ಹಿರಿಯದ ಕತ್ತಿಯೇ ದಿನವಿಡೀ ಮಾತನಾಡುತ್ತಿತ್ತು.

ಕತ್ತಿ ತಯಾರಿಕೆಯನ್ನು ವ್ರತದಂತೆ ಏಕೆ ಆಚರಿಸುತ್ತಾರೆ?

ಕಬ್ಬಿಣದ ಮರಳು, ಇದ್ದಿಲು, ಮಣ್ಣು, ನೀರು, ಬೆಂಕಿ ಇಷ್ಟರಿಂದ ಕತ್ತಿ ಹುಟ್ಟುತ್ತದೆ. ಪ್ರತಿ ಹಂತದಲ್ಲೂ ಎಲ್ಲವೂ ಕೈತಪ್ಪಿ ಹೋಗುವ ಸಾಧ್ಯತೆ ಇರುತ್ತದೆ. ಆ ಅಳುಕೇ ಭಕ್ತಿಗೂ ಮೂಲ ಎಂದು ನನ್ನ ಭಾವನೆ.

ಮೊದಲ ಹಂತ ‘ತತಾರಾ’ ಎಂಬ ಮಣ್ಣಿನ ಕುಲುಮೆ. ಶಿಮಾನೆ ಪ್ರಾಂತದ ಒಕುಯಿಜುಮೊದಲ್ಲಿ 1977ರಿಂದ ಮತ್ತೆ ನಡೆಯುತ್ತಿರುವ ತತಾರಾದಲ್ಲಿ ಮೂರು ಹಗಲು ಮೂರು ರಾತ್ರಿ ಬೆಂಕಿ ಆರದಂತೆ ಕಾಯುತ್ತಾರೆ. ಒಂದು ಸಲಕ್ಕೆ ಸುಮಾರು 10 ಟನ್ ಕಬ್ಬಿಣದ ಮರಳು, 12 ಟನ್ ಇದ್ದಿಲು ಬೇಕು; ಕೊನೆಯಲ್ಲಿ ಕುಲುಮೆಯನ್ನೇ ಒಡೆದು ಹೊರತೆಗೆಯುವ ಗಟ್ಟಿ ಸುಮಾರು 2.5 ಟನ್. ಅದರಲ್ಲೂ ಕತ್ತಿಗೆ ತಕ್ಕ ‘ತಮಾಹಗಾನೆ’ ಎಂಬ ಉತ್ತಮ ಉಕ್ಕು ಒಂದು ಟನ್ನಿಗೂ ಕಡಿಮೆ. ಕುಲುಮೆಯ ಮುಖ್ಯಸ್ಥನನ್ನು ‘ಮುರಾಗೆ’ ಎನ್ನುತ್ತಾರೆ. ಅವನು ಜ್ವಾಲೆಯ ಬಣ್ಣ ನೋಡಿ, ಕುಲುಮೆಯ ಸದ್ದು ಆಲಿಸಿ ಒಳಗಿನ ಸ್ಥಿತಿಯನ್ನು ಅಳೆಯುತ್ತಾನೆ. ಕುಲುಮೆಯವರ ದೇವತೆ ಕನಾಯಾಗೊ.

ಆಮೇಲಿನದು ಕಮ್ಮಾರನ ಕೆಲಸ. ಬಿಳಿಯ ಬಟ್ಟೆ, ಕುಲುಮೆಮನೆಗೆ ಕಟ್ಟಿದ ಹುಲ್ಲಿನ ಪವಿತ್ರ ಹಗ್ಗ, ಗೋಡೆಯ ಮೇಲೊಂದು ಶಿಂತೋ ದೇವರ ಗೂಡು. ಯಜಮಾನ ಚಿಕ್ಕ ಸುತ್ತಿಗೆಯಿಂದ ಅಡಿಗಲ್ಲಿನ ಮೇಲೆ ತಟ್ಟಿ ತೋರಿಸಿದ ಜಾಗಕ್ಕೆ ಶಿಷ್ಯರು ಸಮ್ಮಟಿಗೆಯ ಪೆಟ್ಟು ಹಾಕುತ್ತಾರೆ. ಉಕ್ಕನ್ನು ಬಡಿದು, ಮಡಚಿ, ಮತ್ತೆ ಬಡಿದು ಕಿಟ್ಟವನ್ನು ಹೊರಹಾಕುತ್ತಾರೆ. ಹೊರಗೆ ಗಡಸು ಉಕ್ಕು, ಒಳಗೆ ಮೆದು ಉಕ್ಕು ಕೂಡಿಸಿ ಅಲಗನ್ನು ಎಳೆಯುತ್ತಾರೆ. ಅನಂತರ ಮಣ್ಣು, ಇದ್ದಿಲ ಪುಡಿ, ಸಾಣೆಗಲ್ಲಿನ ಪುಡಿ ಕಲಸಿದ ಲೇಪವನ್ನು ಬೆನ್ನಿಗೆ ದಪ್ಪವಾಗಿಯೂ ಬಾಯಿಗೆ ತೆಳುವಾಗಿಯೂ ಬಳಿಯುತ್ತಾರೆ.

ಇನ್ನು ಉಳಿಯುವುದು ಹದ ಕೊಡುವ ಗಳಿಗೆ. ಕುಲುಮೆಮನೆಯ ದೀಪಗಳನ್ನೆಲ್ಲ ಆರಿಸುತ್ತಾರೆ, ಏಕೆಂದರೆ ಕಾದ ಉಕ್ಕಿನ ಬಣ್ಣ ಕತ್ತಲಲ್ಲಿ ಮಾತ್ರ ಸರಿಯಾಗಿ ಕಾಣುತ್ತದೆ. ತಿದಿಯ ಉಸಿರೊಂದೇ ಕೇಳುತ್ತಿರುತ್ತದೆ. ಅಲಗನ್ನು ಬೆಂಕಿಯಲ್ಲಿ ಹಿಂದಕ್ಕೂ ಮುಂದಕ್ಕೂ ಆಡಿಸುತ್ತಾ, ಬುಡದಿಂದ ಮೊನೆಯವರೆಗೆ ಒಂದೇ ಕೆಂಪು ಹರಡಿತೆಂದು ಕಂಡ ಕೂಡಲೇ ಕಮ್ಮಾರ ಅದನ್ನು ನೀರಿಗೆ ಇಳಿಸುತ್ತಾನೆ. ಆಗ ಶಾಖ ಸುಮಾರು 750ರಿಂದ 800 ಡಿಗ್ರಿ ಸೆಲ್ಸಿಯಸ್. ತೆಳು ಲೇಪದ ಬಾಯಿ ಥಟ್ಟನೆ ತಣಿದು ಅತಿ ಗಡಸಾಗುತ್ತದೆ. ದಪ್ಪ ಲೇಪದ ಬೆನ್ನು ನಿಧಾನವಾಗಿ ತಣಿದು ಮೆದುವಾಗಿ ಉಳಿಯುತ್ತದೆ. ಈ ವ್ಯತ್ಯಾಸದಿಂದಲೇ ಅಲಗು ನೀರಿನೊಳಗೆ ತಾನಾಗಿ ಬಾಗುತ್ತದೆ. ಕಮ್ಮಾರ ಈ ಬಾಗನ್ನು ಮೊದಲೇ ಲೆಕ್ಕ ಹಾಕಿರುತ್ತಾನೆ, ಆದರೂ ಕೊನೆಯ ಮಾತು ನೀರಿನದು. ‘ಟಿಣ್’ ಎಂಬ ಸಣ್ಣ ಸದ್ದು ಕೇಳಿದರೆ ಅಲಗಿನ ಬಾಯಿ ಸೀಳಿದೆ ಎಂದು ಅರ್ಥ. ವಾರಗಟ್ಟಲೆಯ ದುಡಿಮೆ ಆ ಕ್ಷಣದಲ್ಲೇ ಮುಗಿದುಹೋಗುತ್ತದೆ.

ಹೆಸರಾಂತ ಕಮ್ಮಾರ ಮುನೆಚಿಕಾನಿಗೆ ಚಕ್ರವರ್ತಿಯ ಕತ್ತಿ ಮಾಡಬೇಕಾಗಿ ಬಂದಾಗ ತಕ್ಕ ಜತೆಗಾರ ಸಿಗಲಿಲ್ಲ, ಆಗ ಇನಾರಿ ದೇವತೆಯ ನರಿಯೇ ಬಂದು ಸಮ್ಮಟಿಗೆ ಹಿಡಿಯಿತು ಎಂಬ ಕಥೆಯನ್ನು ಇಂದಿಗೂ ರಂಗದ ಮೇಲೆ ಆಡುತ್ತಾರೆ. ಮನುಷ್ಯನ ಕೈಚಳಕ ಎಷ್ಟೇ ಇದ್ದರೂ ಕೊನೆಯ ಪೆಟ್ಟಿಗೆ ಇನ್ನೊಂದು ಕೈ ಬೇಕು ಎಂಬ ವಿನಯ ಆ ಕಥೆಯಲ್ಲಿದೆ.

ಉಕ್ಕನ್ನು ಸಾವಿರಾರು ಸಲ ಮಡಚುತ್ತಾರಂತೆ, ನಿಜವೆ? ಅದು ನಮ್ಮ ಕಡೆಯ ಉಕ್ಕಿನಂಥದ್ದೇ ಏನು?

ಮಡಿಕೆಗಳ ಸಂಖ್ಯೆಯನ್ನೂ ಪದರಗಳ ಸಂಖ್ಯೆಯನ್ನೂ ಕಲಸಿದ್ದರಿಂದ ಈ ಮಾತು ಹುಟ್ಟಿದೆ. ಸಾಮಾನ್ಯವಾಗಿ ಮಡಚುವುದು ಹತ್ತರಿಂದ ಹದಿನೈದು ಸಲ. ಪ್ರತಿ ಸಲ ಪದರಗಳು ಇಮ್ಮಡಿಯಾಗುವುದರಿಂದ ಹತ್ತು ಮಡಿಕೆಗೇ 1,024 ಪದರಗಳಾಗುತ್ತವೆ. ಅತಿಯಾಗಿ ಮಡಚಿದರೆ ಇಂಗಾಲ ಸುಟ್ಟುಹೋಗಿ ಉಕ್ಕು ನಿಸ್ಸತ್ವವಾಗುತ್ತದೆ.

ದಕ್ಷಿಣ ಭಾರತದ ಮೂಸೆ ಉಕ್ಕಿನ ದಾರಿ ಬೇರೆ. ಮುಚ್ಚಿದ ಮೂಸೆಯಲ್ಲಿ ಕಬ್ಬಿಣವನ್ನು ಇಂಗಾಲದೊಡನೆ ಕರಗಿಸಿ ಅದನ್ನು ಪಡೆಯುತ್ತಿದ್ದರು; ಅದಕ್ಕೆ ಯುರೋಪಿನವರು ಇಟ್ಟ ‘ವೂಟ್ಜ್’ ಎಂಬ ಹೆಸರು ಕನ್ನಡದ ‘ಉಕ್ಕು’ ಎಂಬ ಮಾತಿನಿಂದಲೇ ಬಂದಿದೆ ಎಂಬ ಅಭಿಪ್ರಾಯ ವ್ಯಾಪಕವಾಗಿದೆ. ಅದರಿಂದ ಮಾಡಿದ ಅಲಗಿನ ಮೇಲಿನ ಅಲೆಯಂಥ ಚಿತ್ತಾರ ಉಕ್ಕು ತಣಿಯುವಾಗ ಮತ್ತು ಬಡಿಯುವಾಗ ಮೂಡುವ ಕಣಗಳದ್ದು. ಜಪಾನಿನ ಅಲಗಿನ ಮೈಯ ಮರದ ನಾರಿನಂಥ ಚಿತ್ತಾರ ಮಡಿಕೆಗಳದ್ದು. ಎರಡೂ ದೊಡ್ಡ ವಿದ್ಯೆಗಳೇ. ಒಂದನ್ನು ಮೇಲೆ ಮಾಡಿ ಇನ್ನೊಂದನ್ನು ಕೆಳಗಿಡುವ ವಾದದಲ್ಲಿ ಹುರುಳಿಲ್ಲ.

ಕತ್ತಿಗಳಿಗೆ ಮನುಷ್ಯರಂತೆ ಹೆಸರುಗಳೂ ವಂಶಾವಳಿಯೂ ಇರುತ್ತವೆಯೆ?

ಇರುತ್ತವೆ. ಹಿಡಿಯೊಳಗೆ ಹುದುಗಿರುವ ಅಲಗಿನ ಬುಡದ ಭಾಗದಲ್ಲಿ ಕಮ್ಮಾರ ತನ್ನ ಹೆಸರನ್ನು, ಕೆಲವೊಮ್ಮೆ ಊರು ಮತ್ತು ತಿಂಗಳನ್ನೂ ಕೊರೆಯುತ್ತಾನೆ. ಆ ಭಾಗದ ತುಕ್ಕನ್ನು ಎಂದಿಗೂ ಉಜ್ಜಬಾರದು. ಅಲಗಿನ ವಯಸ್ಸನ್ನು ಹೇಳುವುದು ಅದೇ. ಹೆಸರಾದ ಕತ್ತಿಗಳಿಗೆ ಅವುಗಳದೇ ಅಂಕಿತಗಳಿವೆ. ಟೋಕಿಯೋದ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿರುವ ‘ದೋಜಿಗಿರಿ’ ಯಾಸುತ್ಸುನಾ ಎಂಬ ಕಮ್ಮಾರನದು. ಓಯೆ ಬೆಟ್ಟದ ರಕ್ಕಸನನ್ನು ಮಿನಾಮೊತೊ ನೊ ಯೊರಿಮಿತ್ಸು ಎಂಬ ಯೋಧ ಇದರಿಂದಲೇ ಕಡಿದನೆಂಬ ಐತಿಹ್ಯವಿದೆ. ಅಲ್ಲೇ ಇರುವ ‘ಮಿಕಾಜುಕಿ’ಗೆ ಅಲಗಿನ ಮೇಲಿನ ಬಿದಿಗೆಚಂದ್ರನಂಥ ಗೆರೆಗಳಿಂದ ಆ ಹೆಸರು ಬಂದಿದೆ.

ಕಮ್ಮಾರರಲ್ಲಿ ಎಲ್ಲರಿಗಿಂತ ಮೇಲಿನ ಹೆಸರು ಕಾಮಾಕುರಾ ಕಾಲದ (1185-1333) ಮಾಸಾಮುನೆಯದು. ಮುರಾಮಾಸಾ ಅವನಿಗಿಂತ ಸುಮಾರು ಎರಡು ಶತಮಾನ ಈಚಿನವನು; ಆದರೂ ಇಬ್ಬರೂ ಗುರುಶಿಷ್ಯರು, ಹೊಳೆಯಲ್ಲಿ ಅಲಗು ನೆಟ್ಟು ಪರೀಕ್ಷೆ ಮಾಡಿದರು, ಮುರಾಮಾಸಾನ ಅಲಗು ತೇಲಿ ಬಂದ ಎಲೆಗಳನ್ನೆಲ್ಲ ಕತ್ತರಿಸಿತು, ಮಾಸಾಮುನೆಯ ಅಲಗಿನಿಂದ ಎಲೆಗಳು ತಾವೇ ದೂರ ಸರಿದು ಹೋದವು ಎಂಬ ಕಥೆ ಜನಜನಿತ. ಕಾಲದ ಲೆಕ್ಕಕ್ಕೆ ಕಥೆ ನಿಲ್ಲುವುದಿಲ್ಲ. ಆದರೆ ಕಡಿಯದ ಕತ್ತಿಯೇ ದೊಡ್ಡದೆಂದು ಜನ ನಂಬಲು ಬಯಸಿದ್ದರು ಎಂಬುದಕ್ಕೆ ಅದು ಸಾಕ್ಷಿ.

ದೊರೆಗಳು ಕತ್ತಿಗಳನ್ನು ಬಹುಮಾನವಾಗಿ, ಸಂಧಾನದ ಕಾಣಿಕೆಯಾಗಿ ಕೊಡುತ್ತಿದ್ದರು. ಹೀಗಾಗಿ ಬೆಲೆ ಕಟ್ಟುವವರು ಬೇಕಾದರು. ಹೊನ್ನಾಮಿ ಮನೆತನ ತಲೆತಲಾಂತರದಿಂದ ಆ ಕೆಲಸ ಮಾಡಿತು. ಅವರು ಮಡಚಿದ ಕಾಗದದ ಮೇಲೆ ಬರೆದುಕೊಡುತ್ತಿದ್ದ ಪ್ರಮಾಣಪತ್ರಕ್ಕೆ ‘ಒರಿಗಾಮಿ’ ಎಂದೇ ಹೆಸರು. ಇಂದಿಗೂ ಜಪಾನಿನಲ್ಲಿ ನೆಚ್ಚಬಹುದಾದ ವ್ಯಕ್ತಿಯನ್ನೋ ವಸ್ತುವನ್ನೋ ‘ಒರಿಗಾಮಿ ಸಮೇತ’ ಎಂದು ಹೊಗಳುತ್ತಾರೆ.

ಹೆಂಗಸರ ಬದುಕಿನಲ್ಲಿ, ಹುಟ್ಟು ಸಾವುಗಳಲ್ಲಿ ಕತ್ತಿಗೆ ಏನು ಪಾತ್ರ?

ಕಾವಲಿನ ಪಾತ್ರ. ಸಮುರಾಯ್ ಮನೆತನದ ಹೆಣ್ಣುಮಕ್ಕಳು ‘ಕೈಕೆನ್’ ಎಂಬ ಪುಟ್ಟ ಬಾಕುವನ್ನು ಉಡುಪಿನೊಳಗೆ ಇಟ್ಟುಕೊಳ್ಳುತ್ತಿದ್ದರು. ಸಾಂಪ್ರದಾಯಿಕ ಮದುವೆಯಲ್ಲಿ ಮದುಮಗಳ ನಡುಕಟ್ಟಿನಲ್ಲಿ ಇಂದಿಗೂ ಅದರ ಅಲಂಕಾರದ ರೂಪವನ್ನು ಕಾಣಬಹುದು. ರಾಜಮನೆತನದಲ್ಲಿ ಮಗು ಹುಟ್ಟಿದಾಗ ಚಕ್ರವರ್ತಿ ರಕ್ಷೆಯ ಕತ್ತಿಯೊಂದನ್ನು ಕಳುಹಿಸಿಕೊಡುತ್ತಾರೆ. 2001ರಲ್ಲಿ ರಾಜಕುಮಾರಿ ಐಕೊ ಹುಟ್ಟಿದಾಗಲೂ ಈ ವಿಧಿ ನಡೆಯಿತು. ಅಂತ್ಯಕ್ರಿಯೆಯಲ್ಲಿ ಮೃತರ ಎದೆಯ ಮೇಲೆ ಚಿಕ್ಕ ಕತ್ತಿಯನ್ನು ಇಡುವ ಪದ್ಧತಿ ಹಲವು ಕಡೆ ಇದೆ. ಬಾಣಂತಿಮನೆಯಲ್ಲಿ ಕಬ್ಬಿಣ ಇಡುವ ನಮ್ಮ ಹಳ್ಳಿಗಳವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ.

ಇಷ್ಟೆಲ್ಲ ಗೌರವದ ಮಾತು ಹಿಂಸೆಯನ್ನು ಮರೆಮಾಚುವುದಿಲ್ಲವೆ?

ಮರೆಮಾಚಬಾರದು. ಕತ್ತಿಯ ಹರಿತವನ್ನು ದಾರಿಹೋಕರ ಮೇಲೆ ಪರೀಕ್ಷಿಸುವ ‘ತ್ಸುಜಿಗಿರಿ’ ಎಂಬ ಕ್ರೌರ್ಯವನ್ನು ಸರ್ಕಾರ ನಿಷೇಧಿಸಬೇಕಾಗಿ ಬಂದದ್ದೇ ಅದು ನಡೆಯುತ್ತಿತ್ತೆಂಬುದಕ್ಕೆ ಪುರಾವೆ. ಮರಣದಂಡನೆಗೆ ಗುರಿಯಾದವರ ಶವಗಳ ಮೇಲೆ ಅಲಗುಗಳನ್ನು ಪರೀಕ್ಷಿಸುವುದು ಎಡೋ ಕಾಲದಲ್ಲಿ, ಅಂದರೆ ತೊಕುಗಾವಾ ಆಡಳಿತದಲ್ಲಿ, ಯಾಮಾದಾ ಆಸಾಯೆಮೊನ್ ಎಂಬ ಹೆಸರನ್ನು ಹೊತ್ತುಬಂದ ಮನೆತನದ ವೃತ್ತಿಯಾಗಿತ್ತು; ಎಷ್ಟು ದೇಹ ಕತ್ತರಿಸಿತೆಂಬುದನ್ನು ಅಲಗಿನ ಬುಡದಲ್ಲಿ ಚಿನ್ನದ ಅಕ್ಷರಗಳಲ್ಲಿ ಕೊರೆಯುತ್ತಿದ್ದರು. ಹೊಟ್ಟೆ ಸೀಳಿಕೊಂಡು ಸಾಯುವ ‘ಸೆಪ್ಪುಕು’ವಿಗೂ ಗಿಡ್ಡ ಅಲಗೇ ಸಾಧನ.

ಇಪ್ಪತ್ತನೆಯ ಶತಮಾನದಲ್ಲಿ ನಡೆದದ್ದು ಇನ್ನೂ ಘೋರ. 1930ರ ದಶಕದಲ್ಲಿ ಸೇನೆ ಹಳೆಯ ತಾಚಿಯ ಮಾದರಿಯ ಕತ್ತಿಯನ್ನು ಅಧಿಕಾರಿಗಳ ಸಮವಸ್ತ್ರಕ್ಕೆ ಮರಳಿ ತಂದಿತು. ಯುದ್ಧದಲ್ಲಿ ಮಡಿದವರನ್ನು ಪೂಜಿಸುವ, ಟೋಕಿಯೋದ ಯಾಸುಕುನಿ ದೇಗುಲದ ಆವರಣದಲ್ಲೇ 1933ರಲ್ಲಿ ಕುಲುಮೆ ಶುರುವಾಯಿತು. ಸಮುರಾಯ್‌ನ ಆತ್ಮ ಎಂಬ ಹಳೆಯ ಮಾತನ್ನು ಇಡೀ ರಾಷ್ಟ್ರದ ಆತ್ಮ ಎಂದು ಹಿಗ್ಗಿಸಲಾಯಿತು. 1937ರಲ್ಲಿ ಚೀನಾದ ಆಗಿನ ರಾಜಧಾನಿ ನಾನ್‌ಜಿಂಗ್ ಕಡೆಗೆ ಸಾಗುತ್ತಿದ್ದ ಸೇನೆಯ ಇಬ್ಬರು ಅಧಿಕಾರಿಗಳು ಯಾರು ಮೊದಲು ನೂರು ಜನರನ್ನು ಕತ್ತಿಯಿಂದ ಕೊಲ್ಲುತ್ತಾರೆಂದು ಪಂದ್ಯ ಕಟ್ಟಿದ್ದಾರೆಂದು ಜಪಾನಿನ ಪತ್ರಿಕೆಗಳು ಹೆಮ್ಮೆಯಿಂದ ವರದಿ ಮಾಡಿದವು. ಏಷ್ಯಾದ ಹಲವು ಕಡೆ ಯುದ್ಧಕೈದಿಗಳ ತಲೆ ಕಡಿಯಲಾಯಿತು. ಜಪಾನಿನ ಕತ್ತಿಯ ಸೌಂದರ್ಯವನ್ನು ನಾನು ಮನಸಾರೆ ಮೆಚ್ಚುತ್ತೇನೆ. ಹಾಗೆ ಮೆಚ್ಚುವವರೇ ಈ ಪುಟವನ್ನೂ ತಪ್ಪದೆ ಓದಬೇಕು.

ಕತ್ತಿ ಕಟ್ಟಿಕೊಳ್ಳುವ ಪದ್ಧತಿ ನಿಂತದ್ದು ಹೇಗೆ?

ತೊಕುಗಾವಾ ಆಡಳಿತ ಮುಗಿದು 1868ರಲ್ಲಿ ಬಂದ ಮೇಯಿಜಿ ಸರ್ಕಾರ 1873ರಲ್ಲಿ ಕಡ್ಡಾಯ ಸೇನಾ ಸೇವೆಯನ್ನು ಜಾರಿಗೆ ತಂದು ಯುದ್ಧವನ್ನು ಒಂದು ವರ್ಗದ ಹಕ್ಕಿನಿಂದ ಬಿಡಿಸಿತು. 1876ರ ಮಾರ್ಚ್ 28ರಂದು, ಸೈನಿಕರು, ಪೊಲೀಸರು ಮತ್ತು ಸರ್ಕಾರಿ ಸಮಾರಂಭದ ಉಡುಪಿನಲ್ಲಿರುವವರನ್ನು ಬಿಟ್ಟು ಬೇರೆ ಯಾರೂ ಸಾರ್ವಜನಿಕವಾಗಿ ಕತ್ತಿ ಧರಿಸಬಾರದೆಂಬ ಆಜ್ಞೆ ಹೊರಬಿತ್ತು. ವೇತನವೂ ಹೋಗಿ ಕತ್ತಿಯೂ ಹೋದ ಸಮುರಾಯ್‌ಗಳ ಅಸಮಾಧಾನ ಮರುವರ್ಷ ಸೈಗೊ ತಾಕಾಮೊರಿಯ ನೇತೃತ್ವದ ಸಾತ್ಸುಮಾ ದಂಗೆಯಾಗಿ ಸಿಡಿದು ಸೋತಿತು. ಕಮ್ಮಾರರ ಪಾಡು ಹೇಳತೀರದು. ಹಲವರು ಅಡುಗೆಮನೆಯ ಚೂರಿ, ಕುಡುಗೋಲು ಮಾಡಿ ಹೊಟ್ಟೆ ಹೊರೆದರು. ಕತ್ತಿ ಕಮ್ಮಾರರ ಹಳೆಯ ನೆಲೆಯಾದ ಸೆಕಿ ಊರು ಇಂದು ಚಾಕು ಚೂರಿಗಳಿಗೆ ಹೆಸರಾಗಿರುವುದರ ಹಿಂದೆ ಆ ಕಾಲವೂ ಇದೆ.

1945ರ ಸೋಲಿನ ನಂತರ ಕತ್ತಿಗಳು ಉಳಿದದ್ದು ಹೇಗೆ?

ಸ್ವಲ್ಪದರಲ್ಲೇ ಉಳಿದವು. ಆಯುಧಗಳನ್ನೆಲ್ಲ ಒಪ್ಪಿಸಬೇಕೆಂಬ ಮಿತ್ರಸೇನೆಯ ಆದೇಶದಡಿ ಅಪಾರ ಸಂಖ್ಯೆಯ ಕತ್ತಿಗಳು ನಾಶವಾದವು, ಸಮುದ್ರದ ಪಾಲಾದವು, ಸೈನಿಕರ ಚೀಲ ಸೇರಿ ಹೊರದೇಶಕ್ಕೆ ಹೋದವು. ತೊಕುಗಾವಾ ಮನೆತನದ ಬಳಿಯಿದ್ದ ‘ಹೊಂಜೊ ಮಾಸಾಮುನೆ’ ಹೀಗೆ ಒಪ್ಪಿಸಿದ ಬಳಿಕ ಮತ್ತೆ ಯಾರ ಕಣ್ಣಿಗೂ ಬಿದ್ದಿಲ್ಲ. ವಿದ್ವಾಂಸ ಹೊಮ್ಮಾ ಜುಂಜಿ ಮುಂತಾದವರು, ಇವು ಆಯುಧ ಮಾತ್ರವಲ್ಲ, ಕಲಾಕೃತಿಗಳೂ ಹೌದೆಂದು ಅಮೆರಿಕದ ಅಧಿಕಾರಿಗಳಿಗೆ ಮನಗಾಣಿಸಿದ್ದರಿಂದ ಕಲಾಮೌಲ್ಯದ ಕತ್ತಿಗಳಿಗೆ ವಿನಾಯಿತಿ ದೊರೆಯಿತು. 1948ರಲ್ಲಿ ಇವುಗಳ ರಕ್ಷಣೆಗಾಗಿ ಒಂದು ಸಂಘ ಹುಟ್ಟಿತು.

ಇಂದು ಜಪಾನಿನಲ್ಲಿ ಕತ್ತಿಯೊಂದಿಗೆ ನೋಂದಣಿ ಪತ್ರ ಇರಲೇಬೇಕು, ಮತ್ತು ಅದು ಕತ್ತಿಯ ಹೆಸರಿನಲ್ಲಿರುತ್ತದೆ, ಮಾಲೀಕನ ಹೆಸರಿನಲ್ಲಿ ಅಲ್ಲ. ಕಮ್ಮಾರನಾಗಲು ಕನಿಷ್ಠ ಐದು ವರ್ಷ ಗುರುವಿನ ಕೈಕೆಳಗೆ ದುಡಿದು ಸರ್ಕಾರದ ಪರವಾನಗಿ ಪಡೆಯಬೇಕು. ಪರವಾನಗಿ ಸಿಕ್ಕ ಮೇಲೂ ತಿಂಗಳಿಗೆ ಎರಡಕ್ಕಿಂತ ಹೆಚ್ಚು ಉದ್ದದ ಕತ್ತಿ ಮಾಡುವಂತಿಲ್ಲ.

ಇಂದಿನ ಜಪಾನೀಯರ ದಿನನಿತ್ಯದಲ್ಲಿ ಕತ್ತಿ ಎಲ್ಲಾದರೂ ಉಳಿದಿದೆಯೆ?

ಮಾತಿನಲ್ಲಿ ಉಳಿದಿದೆ, ಅದೂ ಮಾತನಾಡುವವರಿಗೇ ಅರಿವಿಲ್ಲದಷ್ಟು ಆಳವಾಗಿ. ಇಬ್ಬರಿಗೆ ಹೊಂದಿಕೆಯಾಗದಿದ್ದರೆ ‘ಬಾಗು ಕೂಡುವುದಿಲ್ಲ’ ಎನ್ನುತ್ತಾರೆ. ಅಲಗಿನ ಬಾಗೂ ಒರೆಯ ಬಾಗೂ ಹೊಂದದಿರುವ ಚಿತ್ರ ಅದು. ಜಗಳವಾಡಿ ಬೇರೆಯಾದ ಗಂಡಹೆಂಡಿರು ಮತ್ತೆ ಕೂಡಿದರೆ ‘ಮೊದಲಿನ ಒರೆಗೆ ಸೇರಿತು’ ಎನ್ನುತ್ತಾರೆ. ಬಿರುಸಿನ ಪೈಪೋಟಿಗೆ ‘ಅಲಗಿನ ಏಣು ಸವೆಯುವಂತೆ’ ಎಂಬ ಮಾತಿದೆ. ನಾವು ‘ಮಾಡಿದ್ದುಣ್ಣೋ ಮಹರಾಯ’ ಎನ್ನುವ ಕಡೆ ಅವರು ‘ಮೈಯಿಂದಲೇ ಹೊರಟ ತುಕ್ಕು’ ಎನ್ನುತ್ತಾರೆ. ಇವೆಲ್ಲಕ್ಕಿಂತ ನನಗೆ ಪ್ರಿಯವಾದದ್ದು ‘ಐಜುಚಿ’ ಎಂಬ ಮಾತು. ಯಜಮಾನನ ಪೆಟ್ಟಿಗೆ ಶಿಷ್ಯ ಕೊಡುವ ಮರುಪೆಟ್ಟಿಗೆ ಆ ಹೆಸರು. ಈಗ ಒಬ್ಬರು ಮಾತನಾಡುವಾಗ ಇನ್ನೊಬ್ಬರು ಹೂಂಗುಟ್ಟುವುದಕ್ಕೆ ‘ಐಜುಚಿ ಹೊಡೆಯುವುದು’ ಎನ್ನುತ್ತಾರೆ.

ಜನರ ಅಕ್ಕರೆಯೂ ಬತ್ತಿಲ್ಲ. ಹೆಸರಾಂತ ಕತ್ತಿಗಳನ್ನು ಯುವಕರ ರೂಪದಲ್ಲಿ ಚಿತ್ರಿಸಿದ ಒಂದು ವಿಡಿಯೋ ಆಟ 2015ರಲ್ಲಿ ಬಂದ ಮೇಲೆ, ಎಳೆಯ ಹೆಂಗಸರು ದೊಡ್ಡ ಸಂಖ್ಯೆಯಲ್ಲಿ ಕತ್ತಿ ನೋಡಲು ವಸ್ತುಸಂಗ್ರಹಾಲಯಗಳಿಗೆ ಬರತೊಡಗಿದರು. ಹಳೆಯ ಬಿಜೆನ್ ಪ್ರಾಂತದಲ್ಲಿರುವ ಸೆತೊಉಚಿ ಎಂಬ ಸಣ್ಣ ನಗರ, ತನ್ನ ನೆಲದಲ್ಲಿ ಹದಿಮೂರನೆಯ ಶತಮಾನದಲ್ಲಿ ಹುಟ್ಟಿದ ‘ಸಾಂಚೋಮೋ’ ಎಂಬ ತಾಚಿಯನ್ನು 2020ರಲ್ಲಿ 50 ಕೋಟಿ ಯೆನ್ ಕೊಟ್ಟು ಕೊಂಡಿತು. ಆ ಹಣಕ್ಕೆ ದೇಶದ ನಾನಾ ಕಡೆಯ ಜನ ದೇಣಿಗೆ ನೀಡಿದರು.

ಕತ್ತಿಯನ್ನು ನೋಡುವುದಕ್ಕೂ ಒಂದು ಕ್ರಮವಿದೆಯಂತೆ, ಅದು ಏನು?

ಕೈಯಲ್ಲಿ ಹಿಡಿದು ನೋಡುವ ಕೂಟಗಳಲ್ಲಿ ಮೊದಲು ಅಲಗಿಗೆ ತಲೆಬಾಗುತ್ತಾರೆ. ಉಂಗುರ, ಗಡಿಯಾರ ತೆಗೆದಿಡಬೇಕು. ಅಲಗಿನ ಮುಂದೆ ಮಾತನಾಡಬಾರದು. ಎಂಜಲಿನ ಒಂದು ತುಂತುರು ಬಿದ್ದರೂ ಅಲ್ಲಿ ತುಕ್ಕು ಹತ್ತುತ್ತದೆ. ಬೆರಳು ಉಕ್ಕಿಗೆ ತಾಗಕೂಡದು, ಮೃದುವಾದ ಬಟ್ಟೆಯ ಮೇಲೆ ಅಲಗಿನ ಬೆನ್ನನ್ನು ಆನಿಸಿಕೊಳ್ಳಬೇಕು. ನೋಡಿ ಮುಗಿದ ಮೇಲೆ ನಯವಾದ ಕಾಗದದಿಂದ ಒರೆಸಿ, ಕಲ್ಲಿನ ಪುಡಿ ತಟ್ಟಿ, ಮತ್ತೆ ಒರೆಸಿ, ‘ಚೋಜಿ’ ಎಂಬ ಎಣ್ಣೆಯನ್ನು ತೆಳುವಾಗಿ ಸವರುತ್ತಾರೆ. ಚೋಜಿ ಎಂದರೆ ಲವಂಗ.

ವಸ್ತುಸಂಗ್ರಹಾಲಯದ ಗಾಜಿನ ಮುಂದೆ ನಿಂತವರು ಮಾಡಬೇಕಾದದ್ದು ಬೇರೆ. ನೆಟ್ಟಗೆ ನಿಂತು ನೋಡಿದರೆ ಅದು ಹೊಳೆಯುವ ಒಂದು ಉಕ್ಕಿನ ಪಟ್ಟಿ ಅಷ್ಟೆ. ಮೊಣಕಾಲನ್ನು ಸ್ವಲ್ಪ ಮಡಚಿ, ದೀಪದ ಪ್ರತಿಬಿಂಬ ಅಲಗಿನ ಮೇಲೆ ಹರಿದಾಡುವಂತೆ ತಲೆಯನ್ನು ಮೇಲೆ ಕೆಳಗೆ ಸರಿಸಬೇಕು. ಆಗ ಬಾಯಿಯ ಉದ್ದಕ್ಕೂ ‘ಹಾಮೋನ್’ ಎಂಬ ಬಿಳಿಯ ಗೆರೆ ಮೂಡುತ್ತದೆ, ಕೆಲವು ಅಲಗುಗಳಲ್ಲಿ ಅಲೆಯಂತೆ, ಕೆಲವುಗಳಲ್ಲಿ ಲವಂಗದ ಮೊಗ್ಗುಗಳ ಸಾಲಿನಂತೆ. ಅದರೊಳಗೆ ಇಬ್ಬನಿಯಂಥ ಮಬ್ಬಿದ್ದರೆ ಅದು ‘ನಿಯೋಯಿ’, ಬಿಡಿಬಿಡಿಯಾಗಿ ಮಿನುಗುವ ಕಣಗಳಿದ್ದರೆ ಅದು ‘ನಿಯೆ’. ದೀಪ ಆರಿಸಿದ ಕುಲುಮೆಮನೆಯಲ್ಲಿ, ಏಳುನೂರು ಎಂಟುನೂರು ವರ್ಷಗಳ ಹಿಂದೆ, ಕಾದ ಅಲಗು ನೀರು ಮುಟ್ಟಿದ ಆ ಒಂದು ಕ್ಷಣ ಅಲ್ಲಿ ಹಾಗೆಯೇ ನಿಂತಿರುತ್ತದೆ.